ಎರಡು ಮನೆ ನೇರ, ಒಂದು ಮನೆ ಅಡ್ಡ

ಚದುರಂಗದ ಅರವತ್ತನಾಲ್ಕು ಮನೆಗಳ ಊರಿನಲ್ಲಿ ಯಾರಿಗೂ ಸ್ವಂತ ಮನೆಯಿಲ್ಲ. ನಿಂತಷ್ಟು ಹೊತ್ತು ತನ್ನದು.

ಮುಮ್ಮಡಿ ಕೃಷ್ಣರಾಜ ಒಡೆಯರು 1818ರಲ್ಲಿ ಅರಿಕುಠಾರಕ್ಕೆ ತಂದೆಯ ಹೆಸರಿಟ್ಟರು, ಅದು ಚಾಮರಾಜನಗರವಾಯಿತು. 1831ರಲ್ಲಿ ಬ್ರಿಟಿಷರು ಆಡಳಿತವನ್ನು ಕಿತ್ತುಕೊಂಡರು. ಊರಿಗೆ ಹೆಸರಿಟ್ಟ ದೊರೆಗೆ ಊರನ್ನು ಆಳುವ ಹಕ್ಕು ಉಳಿಯಲಿಲ್ಲ. ಚದುರಂಗದ ಹಾಸು ಉಳಿಯಿತು. ಅದರ ಮೇಲೆ ಒಂದೇ ಕುದುರೆಯನ್ನು ಅರವತ್ತನಾಲ್ಕು ಮನೆಗೂ ನಡೆಸಿದರು: ತುಳಿದ ಮನೆಯನ್ನು ಮತ್ತೆ ತುಳಿಯದಂತೆ, ಹೆಜ್ಜೆಗಳ ಅಂಕಿಯನ್ನು ಸಾಲುಸಾಲಾಗಿ ಕೂಡಿದರೆ 260 ಬರುವಂತೆ. ಸೈನ್ಯವಿಲ್ಲದ ದೊರೆಯ ದಿಗ್ವಿಜಯ ಅದು. ಒಂದು ಹನಿ ರಕ್ತ ಚೆಲ್ಲಲಿಲ್ಲ, ಒಂದು ಮನೆಯೂ ಬಿಟ್ಟುಹೋಗಲಿಲ್ಲ.

ಅದೇ ದೊರೆಯ ಗ್ರಂಥವಾದ ಶ್ರೀತತ್ತ್ವನಿಧಿಯ ಒಂಬತ್ತನೆಯ ನಿಧಿಯಲ್ಲಿ ಆಟಗಳಿವೆ. ಅದರ ಹೆಸರು ಕೌತುಕನಿಧಿ. ದೇವತೆಗಳ ಧ್ಯಾನಶ್ಲೋಕಗಳಿರುವ ಗ್ರಂಥದಲ್ಲೇ ಆಟಕ್ಕೂ ಪೀಠ ಸಿಕ್ಕಿತು. ಆಟವನ್ನು ಹೊತ್ತು ಕಳೆಯುವ ಸಾಧನವೆಂದು ಬಗೆದವರು ಹಾಗೆ ಮಾಡುವುದಿಲ್ಲ.

ಇದಕ್ಕೂ ಶತಮಾನಗಳ ಮೊದಲು, ಶ್ರೀರಂಗಕ್ಕೆ ದಾಳಿ ಬಂದಾಗ ವೇದಾಂತ ದೇಶಿಕರು ಕೊಳ್ಳೇಗಾಲದ ಬಳಿಯ ಸತ್ಯಾಗಾಲದಲ್ಲಿ ನೆಲೆಸಿದ್ದರೆಂದು ಪರಂಪರೆ ಹೇಳುತ್ತದೆ. ಅವರ ಪಾದುಕಾಸಹಸ್ರದಲ್ಲಿ ಮೂವತ್ತೆರಡು ಅಕ್ಷರಗಳ ಶ್ಲೋಕವೊಂದಿದೆ. ಅಕ್ಷರಗಳನ್ನು ಮನೆಗಳಲ್ಲಿಟ್ಟು ಕುದುರೆಯ ಹೆಜ್ಜೆಯಲ್ಲಿ ಓದಿದರೆ ಮುಂದಿನ ಶ್ಲೋಕ ಹುಟ್ಟುತ್ತದೆ. ಅಕ್ಷರ ಅವೇ, ನಡೆ ಬೇರೆ, ಅರ್ಥ ಹೊಸದು. ಗ್ರ್ಯಾಂಡ್‌ಮಾಸ್ಟರ್ ಹಲಗೆಯ ಮುಂದೆ ಮಾಡುವುದೂ ಇದನ್ನೇ. ಎಲ್ಲರಿಗೂ ಕಾಣುವ ಕಾಯಿಗಳಲ್ಲಿ ಯಾರಿಗೂ ಕಾಣದ ಸಾಲೊಂದನ್ನು ಓದುತ್ತಾರೆ.

ಕುದುರೆಯ ದಾರಿಯನ್ನು ಶತಮಾನಗಳ ಹಿಂದೆಯೇ ಬಲ್ಲ ನಾಡು ಇದು. ಇದಕ್ಕೆ ಮೊದಲ ಗ್ರ್ಯಾಂಡ್‌ಮಾಸ್ಟರ್ ಬಂದದ್ದು 2017ರಲ್ಲಿ.

ಮೈಸೂರಿನ ಎಂ.ಎಸ್. ತೇಜ್‌ಕುಮಾರ್, ರೈಲ್ವೆಯ ಆಟಗಾರ, ಕರ್ನಾಟಕಕ್ಕೆ ಮೊದಲನೆಯವರು, ದೇಶಕ್ಕೆ 50ನೆಯವರು. ಪದವಿ ಕೈಗೆ ಬರುವಾಗ ಅವರಿಗೆ ವಯಸ್ಸು ಮೂವತ್ತು ದಾಟಿತ್ತು. ಹದಿಹರೆಯದಲ್ಲಿ ಬಂದ ಪದವಿಯನ್ನು ಲೋಕ ಪ್ರತಿಭೆ ಎನ್ನುತ್ತದೆ. ಮೂವತ್ತು ದಾಟಿ ಬಂದದ್ದಕ್ಕೆ ಹೆಸರೇ ಇಟ್ಟಿಲ್ಲ. ಅದಕ್ಕೆ ಇಡಬೇಕಾದ ಹೆಸರು ವ್ರತ.

ಬೆಂಗಳೂರಿನ ಪ್ರಣವ್ ಆನಂದ್ 2022ರಲ್ಲಿ, ಹದಿನೈದನೆಯ ವಯಸ್ಸಿನಲ್ಲಿ, ದೇಶದ 76ನೆಯ ಗ್ರ್ಯಾಂಡ್‌ಮಾಸ್ಟರ್ ಆದರು. ನಡುವೆ ಶಿವಮೊಗ್ಗ ಸೀಮೆಯ ಸ್ಟ್ಯಾನಿ, ಮೈಸೂರಿನ ಗಿರೀಶ್ ಕೌಶಿಕ್. ಮೊದಲಿಗರು ಕಾಡು ಕಡಿಯುತ್ತಾರೆ. ಹಿಂದೆ ಬಂದವರಿಗೆ ಅಲ್ಲಿ ಹಿಂದಿನಿಂದಲೂ ದಾರಿಯಿತ್ತು ಅನ್ನಿಸುತ್ತದೆ. ಹಾಗೆ ಅನ್ನಿಸುವುದೇ ಮೊದಲಿಗರ ಗೆಲುವು.

ಗ್ರ್ಯಾಂಡ್‌ಮಾಸ್ಟರ್ ಪದವಿಗೆ ಬೇಕಾದದ್ದು ಮೂರು ನಾರ್ಮ್, ಎಂದರೆ ಪಂದ್ಯಾವಳಿಯಲ್ಲಿ ಪದವಿಗೆ ತಕ್ಕ ಸಾಧನೆ; ಅವುಗಳಲ್ಲಿ ಒಟ್ಟು 27 ಆಟ, ಜೊತೆಗೆ 2500 ರೇಟಿಂಗ್. ಒಂದೊಂದು ನಾರ್ಮ್‌ಗೂ ಎದುರಾಳಿಗಳಲ್ಲಿ ಮೂವರಾದರೂ ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು. ದೀಪದಿಂದಲೇ ದೀಪ ಹಚ್ಚಬೇಕೆಂಬ ನಿಯಮ. ದೀಪವಿಲ್ಲದ ಊರಿನವರು ಬತ್ತಿ ಹಿಡಿದು ಎಷ್ಟು ದೂರ ನಡೆಯಬೇಕೆಂದು ನಿಯಮ ಕೇಳುವುದಿಲ್ಲ.

ಮ್ಯಾನುಯೆಲ್ ಆರನ್ 1961ರಲ್ಲಿ ದೇಶದ ಮೊದಲ ಇಂಟರ್‌ನ್ಯಾಷನಲ್ ಮಾಸ್ಟರ್. ವಿಶ್ವನಾಥನ್ ಆನಂದ್ 1988ರಲ್ಲಿ ಮೊದಲ ಗ್ರ್ಯಾಂಡ್‌ಮಾಸ್ಟರ್. ಒಂದು ಮೆಟ್ಟಿಲು ಹತ್ತಲು ದೇಶಕ್ಕೆ ಇಪ್ಪತ್ತೇಳು ವರ್ಷ ಬೇಕಾಯಿತು.

ಗುಕೇಶ್ 2019ರಲ್ಲಿ ಜಗತ್ತಿನ ಅತಿ ಕಿರಿಯ ಗ್ರ್ಯಾಂಡ್‌ಮಾಸ್ಟರ್ ಆಗುವುದನ್ನು ಹದಿನೇಳು ದಿನಗಳಲ್ಲಿ ತಪ್ಪಿಸಿಕೊಂಡರು. 2024ರ ಡಿಸೆಂಬರಿನಲ್ಲಿ, ಹದಿನೆಂಟರ ವಯಸ್ಸಿನಲ್ಲಿ, ವಿಶ್ವ ಚಾಂಪಿಯನ್ ಆದರು. ಆ ಹದಿನೇಳು ದಿನ ಈಗ ಯಾರ ಲೆಕ್ಕದಲ್ಲೂ ಇಲ್ಲ.

ಆ ಪಟ್ಟದ ಪಂದ್ಯದಲ್ಲಿ ಎದುರಾಳಿ ಡಿಂಗ್ ಲಿರೆನ್ ಹದಿನಾಲ್ಕನೆಯ ಆಟದ ಐವತ್ತೈದನೆಯ ನಡೆಯಲ್ಲಿ ಆನೆಯನ್ನು ಒಂದು ಮನೆಗೆ ಸರಿಸಿದರು. ಅಷ್ಟೂ ಆಟಗಳ ಕಾವಲು ಒಂದು ಮನೆಯಲ್ಲಿ ಸಡಿಲವಾಯಿತು. ಸೋತವರು ಕೈಕುಲುಕಿದರು. ಕೆಲವರ ಘನತೆ ಸೋಲಿನಲ್ಲೇ ಪೂರ್ತಿಯಾಗಿ ಕಾಣುತ್ತದೆ.

ಹಲಗೆಯ ಆನೆ ಮೂಲೆಯಲ್ಲಿ ಹುಟ್ಟುತ್ತದೆ. ಮುಂದೆ ತನ್ನದೇ ಪದಾತಿ, ಪಕ್ಕದಲ್ಲಿ ತನ್ನದೇ ಕುದುರೆ. ಸಾಲು ತೆರೆಯುವ ತನಕ ಅದರ ಬಲ ಬರಿಯ ಭಾರ. ಬಂಡೀಪುರದ ಆನೆಗೂ ಬೇಕಾದದ್ದು ಅಷ್ಟೇ, ತೆರೆದ ದಾರಿ. 2009ರಿಂದ ರಾತ್ರಿ ಒಂಬತ್ತಕ್ಕೆ ಹೆದ್ದಾರಿಯ ಗೇಟು ಬೀಳುತ್ತದೆ. ಬೆಳಗಿನ ಆರರವರೆಗೆ ಸಾಲು ಆನೆಯದು.

ನಮ್ಮ ಹಳೆಯ ಆಟದಲ್ಲಿ ಕೊನೆಯ ಸಾಲು ಮುಟ್ಟಿದ ಪದಾತಿ ಆ ಮನೆಯ ಒಡೆಯನಾಗುತ್ತಿತ್ತು: ಕುದುರೆಯ ಮನೆಗೆ ಹೋದರೆ ಕುದುರೆ, ಆನೆಯ ಮನೆಗೆ ಹೋದರೆ ಆನೆ. ಈಗಿನ ಆಟದಲ್ಲಿ ಪದಾತಿ ತಾನು ಬಯಸಿದ್ದಾಗಬಹುದು. ಬಯಕೆಗೆ ಬಿಟ್ಟಾಗ ಹೆಚ್ಚುಕಡಿಮೆ ಎಲ್ಲವೂ ಮಂತ್ರಿಯನ್ನೇ ಬಯಸಿದವು.

ಆ ಹಳೆಯ ನಿಯಮದಲ್ಲಿ ಬೆಳೆದ ಪಂಜಾಬಿನ ಮೀರ್ ಸುಲ್ತಾನ್ ಖಾನ್ 1929, 1932, 1933ರಲ್ಲಿ ಬ್ರಿಟಿಷ್ ಚಾಂಪಿಯನ್. ಹೇಸ್ಟಿಂಗ್ಸ್‌ನಲ್ಲಿ ಕಾಪಾಬ್ಲಾಂಕಾನನ್ನೂ ಸೋಲಿಸಿದರು. ಊರಿಗೆ ಮರಳಿ ಬೇಸಾಯಗಾರರಾಗಿ 1966ರಲ್ಲಿ ತೀರಿಕೊಂಡರು. ಗ್ರ್ಯಾಂಡ್‌ಮಾಸ್ಟರ್ ಗೌರವ ಬಂದದ್ದು 2024ರಲ್ಲಿ. ಐವತ್ತೆಂಟು ವರ್ಷ ತಡವಾಗಿ ಬಂದ ಬಿರುದನ್ನು ಕೊಟ್ಟವರೇ ಇಟ್ಟುಕೊಂಡಂತೆ. ಪಡೆಯಬೇಕಾದವರು ಅದಿಲ್ಲದೆಯೇ ಪೂರ್ಣರಾಗಿದ್ದರು.

ದಿವ್ಯಾ ದೇಶಮುಖ್ 2025ರಲ್ಲಿ ಬಾಟುಮಿಗೆ ಹೋದಾಗ ಕೈಯಲ್ಲಿ ಒಂದೂ ಗ್ರ್ಯಾಂಡ್‌ಮಾಸ್ಟರ್ ನಾರ್ಮ್ ಇರಲಿಲ್ಲ. ಮಹಿಳಾ ವಿಶ್ವಕಪ್ ಗೆದ್ದು, ಆ ಗೆಲುವಿನಿಂದಲೇ ಗ್ರ್ಯಾಂಡ್‌ಮಾಸ್ಟರ್ ಆಗಿ ಮರಳಿದರು. ಮೆಟ್ಟಿಲು ಇರುವುದು ಹತ್ತಲಿಕ್ಕೆ; ಕುದುರೆಗೆ ಮೆಟ್ಟಿಲು ಬೇಕಿಲ್ಲ.

ನೀಲಗಾರರು ಮಂಟೇಸ್ವಾಮಿಯ ಕಾವ್ಯವನ್ನು ತಂಬೂರಿ ಹಿಡಿದು ರಾತ್ರಿಯಿಡೀ ಹಾಡುತ್ತಾರೆ. ಮುಂದೆ ಪುಸ್ತಕವಿಲ್ಲ. ಎಲ್ಲಿ ಎಳೆಯಬೇಕು, ಎಲ್ಲಿ ಬಿಡಬೇಕು ಎಂಬುದನ್ನು ಕೇಳುವವರ ಮುಖ ಹೇಳುತ್ತದೆ. ಗ್ರ್ಯಾಂಡ್‌ಮಾಸ್ಟರ್ ತಲೆಯಲ್ಲೂ ಸಾವಿರಾರು ಆಟಗಳಿವೆ, ಎದುರಿಗೂ ಒಂದು ಮುಖವಿದೆ. ನೆನಪು ಇಬ್ಬರನ್ನೂ ಬಾಗಿಲತನಕ ಕರೆದೊಯ್ಯುತ್ತದೆ. ಒಳಗೆ ಹೋಗಬೇಕಾದವರು ತಾವೇ.

ಶಿವಮೊಗ್ಗದ ಕಿಶನ್ ಗಂಗೊಳ್ಳಿ ದೃಷ್ಟಿದೋಷವುಳ್ಳವರ ಚದುರಂಗದಲ್ಲಿ ರಾಷ್ಟ್ರೀಯ ಚಾಂಪಿಯನ್ ಆದವರು. 2018ರ ಏಷ್ಯನ್ ಪ್ಯಾರಾ ಗೇಮ್ಸ್‌ನಲ್ಲಿ ಚಿನ್ನ. ಅಂಥವರ ಹಲಗೆಯಲ್ಲಿ ಕರಿಯ ಮನೆಗಳು ತುಸು ಎತ್ತರ, ಕಾಯಿಗಳ ಬುಡದಲ್ಲಿ ಮೊಳೆ, ಮನೆಯ ನಡುವೆ ರಂಧ್ರ. ಬೆರಳು ಹಲಗೆಯ ಮೇಲೆ ಹರಿದು ಸುಮ್ಮನಾಗುತ್ತದೆ, ಆಮೇಲೆ ನಡೆ. ಕಣ್ಣಿರುವವರು ಮುಟ್ಟಿದ ಕಾಯಿಯನ್ನು ಆಡಲೇಬೇಕು. ಇಲ್ಲಿ ಮುಟ್ಟುವುದೇ ನೋಡುವುದು, ಆದ್ದರಿಂದ ಆ ಕಟ್ಟು ಮೊಳೆ ರಂಧ್ರದಿಂದ ಮೇಲೆದ್ದ ಮೇಲಷ್ಟೇ. ನಿಯಮವೊಂದು ಮನುಷ್ಯನಿಗಾಗಿ ಬಾಗಿದ ಇಷ್ಟು ಸುಂದರ ಉದಾಹರಣೆ ಬೇರೆಲ್ಲೂ ಸುಲಭಕ್ಕೆ ಸಿಗದು.

ಗಡಿಯಾರ ಇಬ್ಬರಿಗೂ ಒಂದೇ ಸಮಯ ಕೊಡುತ್ತದೆ. ಸಮಾನತೆ ಅಲ್ಲಿಂದ ಶುರುವಾಗಿ ಅಲ್ಲೇ ಮುಗಿಯುತ್ತದೆ.

ಡ್ರಾ ಎಂದರೆ ಇಬ್ಬರೂ ಗೆಲ್ಲಲಿಲ್ಲವೆಂದು ನೋಡುವವರು ತಿಳಿಯುತ್ತಾರೆ. ಯಾರ ತಪ್ಪನ್ನು ಯಾರು ಕ್ಷಮಿಸಿದರೆಂಬುದು ಆಡಿದವರಿಗೆ ಗೊತ್ತು.

ದೇವಸ್ಥಾನದ ಜಗಲಿಕಲ್ಲಿನ ಮೇಲೆ ಹುಲಿ-ಕುರಿ ಆಟದ ಗೆರೆಗಳು ಸವೆದಿರುತ್ತವೆ. ಕೆತ್ತಿದವರ ಹೆಸರಿಲ್ಲ, ಗೆದ್ದವರ ಲೆಕ್ಕವಿಲ್ಲ. ಹಲವು ಕುರಿ ಸೇರಿ ಒಂದು ಹುಲಿಯನ್ನು ಕಟ್ಟುವ ಉಪಾಯವನ್ನು ಕಾಡಂಚಿನ ಮಕ್ಕಳು ಅಲ್ಲೇ ಕಲಿತರು.

ಭಾನುವಾರ ಬೆಳಗಿನ ಮೊದಲ ಬಸ್ಸು, ಗುಂಡ್ಲುಪೇಟೆಯಿಂದ ಮೈಸೂರಿಗೆ, ಅರವತ್ತು ಕಿಲೋಮೀಟರ್. ಕಿಟಕಿಯ ಪಕ್ಕ ಒಂದು ಮಗು, ತೊಡೆಯ ಮೇಲೆ ಸುರುಳಿ ಸುತ್ತಿದ ಹಾಸು, ಅಮ್ಮನ ಚೀಲದಲ್ಲಿ ಬುತ್ತಿ. ಹೊರಗೆ ಅರಿಶಿನದ ಹೊಲ, ಅದರಾಚೆ ಚೆಂಡುಹೂ. ಬೇಗೂರು ಬರುವಷ್ಟರಲ್ಲಿ ಮಗುವಿನ ತುಟಿ ಅಲುಗುತ್ತದೆ. ಎರಡು ಮನೆ ನೇರ, ಒಂದು ಮನೆ ಅಡ್ಡ.