ಮತ್ತೆ ಏಳುವ ವೀರ

ಸತ್ತರೂ ಮತ್ತೆ ಏಳಬಹುದೆಂಬ ಭರವಸೆಯುಳ್ಳವನ ಧೈರ್ಯವನ್ನು ಧೈರ್ಯವೆನ್ನಬಹುದೆ? ಪ್ರಶ್ನೆ ಹಳೆಯದು. ನನ್ನೆದುರಿಗೆ ಅದು ಬಂದದ್ದು ಮಾತ್ರ ಹೊಸ ವೇಷದಲ್ಲಿ, ಇಂಡಿಯ ನನ್ನ ವಿದ್ಯಾರ್ಥಿಯೊಬ್ಬನ ಅಂಗೈಯೊಳಗಿನ ಮೊಬೈಲಿನಲ್ಲಿ.

ಅವನು ಆಡುತ್ತಿದ್ದ ಆಟದ ಹೆಸರು ಡಯಾಬ್ಲೊ. 1996ರ ಕೊನೆಗೆ ಅಮೆರಿಕದಲ್ಲಿ ಹೊರಬಂದಾಗ ಅದು ಮೇಜಿನ ಮೇಲಿನ ಕಂಪ್ಯೂಟರಿನ ಆಟ. ಮೂಲ ಆಟದ ಕಡತವುಳ್ಳವರು ಈಗ ಡೆವಿಲ್ಯೂಷನ್‌ಎಕ್ಸ್ ಎಂಬ ತಂತ್ರಾಂಶದ ನೆರವಿನಿಂದ ಅದನ್ನು ಮೊಬೈಲಿನಲ್ಲಿಯೂ ಆಡುತ್ತಾರೆ. ಟ್ರಿಸ್ಟ್ರಾಮ್ ಎಂಬ ಹಾಳುಬಿದ್ದ ಊರು; ಅಲ್ಲೊಬ್ಬ ಕಮ್ಮಾರ, ಒಬ್ಬ ವೈದ್ಯ, ಒಬ್ಬ ಕುಡುಕ; ಊರ ಇಗರ್ಜಿಯ ಕೆಳಗೆ ಹದಿನಾರು ಅಂತಸ್ತುಗಳ ಪಾತಾಳ. ಅನೇಕ ಸಲ ಎರಡನೆಯ ಅಂತಸ್ತಿನಲ್ಲಿಯೇ ಕಟುಕನೆಂಬ ರಾಕ್ಷಸ ಕಾದಿರುತ್ತಾನೆ; ಹೊಸಬರು ಅವನ ಕೈಯಲ್ಲಿ ಸಾಯುವುದು ಸಾಮಾನ್ಯ. ಆದರೆ ಒಳಹೋಗುವ ಮೊದಲು ಆಟವನ್ನು ಉಳಿಸಿಟ್ಟಿದ್ದರೆ, ಸತ್ತವನು ಆ ಗಳಿಗೆಗೇ ಮರಳಿ ಬಂದು ನಿಲ್ಲುತ್ತಾನೆ.

ಪರೀಕ್ಷೆಯ ಕೆಲಸಕ್ಕೆಂದು ಸಿಂದಗಿಗೋ ಮುದ್ದೇಬಿಹಾಳಕ್ಕೋ ಬಸವನ ಬಾಗೇವಾಡಿಗೋ ಹೊರಟಾಗ ಬಸ್ಸಿನಲ್ಲಿ ನಾನೂ ಇದನ್ನು ಆಡಿದ್ದೇನೆ. ಊರು ಬಂದೊಡನೆ ಉಳಿಸಿ ಕಿಸೆಗೆ ಹಾಕಿಕೊಳ್ಳಬಹುದು, ಸುಖವಾದ ಏರ್ಪಾಡು. ಈ ಸುಖವೇ ನನ್ನನ್ನು ಕಾಡಿತು. ಸೋಲಿಗೆ ಬೆಲೆಯಿಲ್ಲದಲ್ಲಿ ಗೆಲುವಿಗೆ ಬೆಲೆಯೆಲ್ಲಿ? ಹೀಗೆ ಯೋಚಿಸಿದವನು ನಾನೊಬ್ಬನೇ ಅಲ್ಲ. 2000ದಲ್ಲಿ ಬಂದ ಎರಡನೆಯ ಡಯಾಬ್ಲೊದಲ್ಲಿ ‘ಹಾರ್ಡ್‌ಕೋರ್’ ಎಂಬ ಕಠಿಣ ವಿಧಾನವೊಂದಿದೆ. ಅಲ್ಲಿ ವೀರ ಒಮ್ಮೆ ಸತ್ತರೆ ಸತ್ತಂತೆಯೇ; ಬಹುದಿನ ಬೆಳೆಸಿದವನು ಕ್ಷಣದಲ್ಲಿ ಇಲ್ಲವಾಗುತ್ತಾನೆ. ಅಮರತ್ವ ಕೈಯಲ್ಲಿದ್ದೂ ಮರಣವನ್ನು ಬೇಡಿ ಪಡೆಯುವವರಿದ್ದಾರೆ! ಮರಣದ ಭಯವಿಲ್ಲದೆ ಧೈರ್ಯವಿಲ್ಲವೆಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ?

ಈ ವಾದವನ್ನು ಆ ವಿದ್ಯಾರ್ಥಿಯ ಮುಂದಿಟ್ಟೆ. ಒಣಬೇಸಾಯದ ಮನೆಯ ಹುಡುಗ. ನಕ್ಕು ಅಂದ: “ಸರ್, ಇದರಾಗರೆ ಹೊಳ್ಳಿ ಹೋಗಾಕ ಬರತೈತ್ರಿ. ನೆಟೆ ರೋಗ ಬಂದು ನಮ್ಮ ತೊಗರಿ ಒಣಗಿದಾಗ ಎಲ್ಲಿಗಿ ಹೊಳ್ಳಿ ಹೋಗೂಣ್ರಿ?”

ಆ ಮಾತು ಪ್ರಶ್ನೆಯನ್ನೇ ಬೇರೆ ದಿಕ್ಕಿಗೆ ತಿರುಗಿಸಿತು. ಹಿಂದಿರುಗಲಾಗದ ಸೋಲು ರುಚಿಸುವುದು ಅದನ್ನು ತಾವಾಗಿ ಆರಿಸಿಕೊಳ್ಳಬಲ್ಲವರಿಗೆ. ನಿಂತ ಬೆಳೆ ಒಣಗಿಹೋದ ಮನೆಯಲ್ಲಿ ಕಠಿಣ ವಿಧಾನವೇ ನಿತ್ಯದ ವಿಧಾನ; ಅದನ್ನು ಯಾರೂ ಬಯಸಿ ಪಡೆದದ್ದಲ್ಲ. ಅಂಥವನಿಗೆ ‘ಸೋತರೆ ಸೋತಂತೆಯೇ ಇರಲಿ, ಆಗಲೇ ಗಟ್ಟಿಯಾಗುವುದು’ ಎಂದು ಬೋಧಿಸುವುದು, ನೆರಳಿನಲ್ಲಿ ಕುಳಿತವನು ಬಿಸಿಲನ್ನು ಹೊಗಳಿದಂತೆ.

ಇನ್ನು ಮರಳಿ ಏಳುವ ವೀರನ ಧೈರ್ಯವಾದರೂ ಹುಸಿಯೆ? ಕಟುಕನ ಕೈಯಲ್ಲಿ ಹತ್ತು ಸಲ ಸತ್ತು ಹನ್ನೊಂದನೆಯ ಸಲ ಆ ಬಾಗಿಲನ್ನು ತೆರೆಯುವವನು ಮೊದಲಿನವನಲ್ಲ. ತೆರೆಯ ಮೇಲಿನ ವೀರನಿಗೆ ಹಿಂದಿನ ನೆನಪಿಲ್ಲ, ಆಡುವವನಿಗೆ ಇದೆ. ಎಲ್ಲಿ ನಿಲ್ಲಬೇಕು, ಎಷ್ಟು ದೂರದಿಂದ ಬಾಣ ಬಿಡಬೇಕು ಎಂಬುದನ್ನು ಸೋಲೇ ಅವನಿಗೆ ಕಲಿಸಿದೆ. ಮರಳಿ ಯತ್ನಿಸುವ ಅವಕಾಶವಿಲ್ಲದಿದ್ದರೆ ಆ ಕಲಿಕೆ ಯಾರ ಉಪಯೋಗಕ್ಕೆ?

ನಮ್ಮ ರಾಜ್ಯದಲ್ಲಿ 2024ರಲ್ಲಿ ಎಸ್‌ಎಸ್‌ಎಲ್‌ಸಿ ಹಾಗೂ ದ್ವಿತೀಯ ಪಿಯುಸಿಗೆ ಒಂದೇ ವರ್ಷ ಮೂರು ಪರೀಕ್ಷೆಗಳ ಪದ್ಧತಿ ಬಂದಿತು. ಇದರಿಂದ ಓದು ಸಡಿಲಾಯಿತೆಂಬ ಗೊಣಗಾಟವನ್ನು ಅಧ್ಯಾಪಕರ ಕೋಣೆಯಲ್ಲಿ ಕೇಳಿದ್ದೇನೆ. ಒಂದೇ ಪೆಟ್ಟಿಗೆ ಎಲ್ಲವೂ ಮುಗಿಯಬಹುದೆಂಬ ಪಾಠವನ್ನು ಈ ಸೀಮೆಯ ಮಕ್ಕಳಿಗೆ ಹೊಲವೇ ಕಲಿಸಿದೆ. ಶಾಲೆ ಬೇರೆ ಪಾಠ ಕಲಿಸಿದರೆ ನಷ್ಟವೇನು?

ಆಟದಲ್ಲಿ ಹಿಂದಿರುಗುವ ದಾರಿಯನ್ನು ಯಂತ್ರ ಒದಗಿಸುತ್ತದೆ. ಬಾಳಿನಲ್ಲಿ ಅದನ್ನು ಮನುಷ್ಯರೇ ಒಬ್ಬರಿಗೊಬ್ಬರು ಒದಗಿಸಬೇಕು: ಸಾಲಕ್ಕೆ ಇನ್ನೊಂದು ಸುಗ್ಗಿಯವರೆಗೆ ಗಡುವು ಕೊಟ್ಟು, ಮುಂದಿನ ಬಿತ್ತನೆಗೆ ನಾಲ್ಕು ಸೇರು ಬೀಜ ಕೊಟ್ಟು, ನಪಾಸಾದವನನ್ನು ಮತ್ತೆ ಬೆಂಚಿನ ಮೇಲೆ ಕೂಡಿಸಿ. ಒಣಗಿದ ತೊಗರಿ ಇದರಿಂದ ಚಿಗುರುವುದಿಲ್ಲ, ನಿಜ. ಬಿತ್ತಿದವನು ಮಾತ್ರ ಮತ್ತೆ ಹೊಲಕ್ಕೆ ಹೋದಾನು.