ಮಣ್ಣಿನ ಪಾತ್ರೆಯಲ್ಲಿಟ್ಟ ಕ್ರಯಪತ್ರ



ಯೆರೆಮೀಯನ ಪ್ರವಾದನೆಯ 32ನೆಯ ಅಧ್ಯಾಯದಲ್ಲಿ ಒಂದು ಹೊಲದ ಕ್ರಯದ ವೃತ್ತಾಂತವುಂಟು. ಬಾಬೆಲಿನ ದಂಡು ಯೆರೂಸಲೇಮನ್ನು ಮುತ್ತಿತ್ತು, ಪ್ರವಾದಿಯು ಸೆರೆಯಲ್ಲಿದ್ದನು. ಅಂಥ ಕಾಲದಲ್ಲಿ ಅವನು ದೇವರ ಅಪ್ಪಣೆಯಂತೆ ತನ್ನ ಚಿಕ್ಕಪ್ಪನ ಮಗನಾದ ಹನಮೇಲನಿಂದ ಅನಾತೋತಿನ ಹೊಲವನ್ನು ಕೊಂಡುಕೊಂಡನು. ಕೊಂಡ ರೀತಿಯನ್ನು ಗಮನಿಸಿರಿ. 17 ಶೆಕೆಲ್ ಬೆಳ್ಳಿಯನ್ನು ತೂಗಿ ಕೊಟ್ಟನು; ಪತ್ರಕ್ಕೆ ರುಜುಮಾಡಿ ಮುದ್ರೆಹಾಕಿದನು; ಸಾಕ್ಷಿಗಳನ್ನು ಕರೆದನು; ಮುದ್ರೆಯಾದ ಪತ್ರವನ್ನೂ ತೆರೆದ ಪತ್ರವನ್ನೂ ಬಾರೂಕನ ಕೈಗೆ ಒಪ್ಪಿಸಿ, ಬಹುಕಾಲ ಉಳಿಯುವಂತೆ ಮಣ್ಣಿನ ಪಾತ್ರೆಯಲ್ಲಿಡಿಸಿದನು. ದೇವರೇ ಮಾತಾಡಿದ ಮೇಲೆ ಕಾಗದವೇಕೆಂದು ಅವನು ಹೇಳಲಿಲ್ಲ.

ನಮ್ಮಲ್ಲಾದರೋ ಅನೇಕರು ಹಾಗೆ ಹೇಳುವದುಂಟು. ಅಜ್ಜನ ಕಾಲದಿಂದ ಉಳುತ್ತಾ ಬಂದಿದ್ದೇವೆ, ಊರಿಗೆಲ್ಲಾ ಗೊತ್ತು, ದೇವರು ಬಲ್ಲನು, ಎನ್ನುತ್ತಾರೆ. ದೇವರು ಬಲ್ಲನೆಂಬದು ನಿಜವೇ. ಆದರೆ ನ್ಯಾಯಾಧೀಶನು ಮನುಷ್ಯನು. ಅವನು ಹೃದಯವನ್ನು ಕಾಣಲಾರನು, ತನ್ನ ಮುಂದಿಟ್ಟ ಸಾಕ್ಷ್ಯವನ್ನು ಮಾತ್ರ ತೂಗಬಲ್ಲನು. ಆದಕಾರಣ ಹೊಲ ನನ್ನದೆಂದು ತೋರಿಸುವದು ಹೇಗೆಂಬದನ್ನು ತಿಳಿದಿರುವದು ಅವಿಶ್ವಾಸವಲ್ಲ, ವಿವೇಕವೇ.

ಮೊದಲನೆಯದಾಗಿ, ದಾವೆ ಹೂಡಿದವನೇ ತನ್ನ ಹಕ್ಕನ್ನು ಸ್ಥಾಪಿಸಬೇಕು. ಎದುರಾಳಿಯ ಕಾಗದ ಹುಳುಕೆಂದು ತೋರಿಸಿದ ಮಾತ್ರಕ್ಕೆ ಹೊಲವು ವಾದಿಯದಾಗದು. 2014ರಲ್ಲಿ ಸುಪ್ರೀಂ ಕೋರ್ಟು ಈ ನಿಯಮವನ್ನು ತಿರಿಗಿ ಎತ್ತಿಹೇಳಿತು.

ಎರಡನೆಯದಾಗಿ, ಪಹಣಿಯೊಂದನ್ನೇ ನೆಚ್ಚಬೇಡಿರಿ. 1964ರ ಕರ್ನಾಟಕ ಭೂಕಂದಾಯ ಕಾಯಿದೆಯ 133ನೆಯ ಕಲಮಿನಂತೆ ಪಹಣಿಯ ಬರಹವನ್ನು, ವಿರುದ್ಧವಾದದ್ದು ಸ್ಥಿರಪಡುವ ವರೆಗೆ, ನಿಜವೆಂದು ಎಣಿಸುತ್ತಾರೆ. ಆದರೂ ಖಾತೆಗೆ ಹೆಸರು ಏರಿದ ಮಾತ್ರಕ್ಕೆ ಒಡೆತನ ಹುಟ್ಟುವದಿಲ್ಲ, ಇಳಿದ ಮಾತ್ರಕ್ಕೆ ಅಳಿಯುವದೂ ಇಲ್ಲ. ಆ ಹೆಸರು ಯಾವ ಆಧಾರದಿಂದ ಏರಿತೆಂದು ಕೋರ್ಟು ಕೇಳುವದು. ಕ್ರಯಪತ್ರವೋ, ದಾನಪತ್ರವೋ, ವಿಭಾಗಪತ್ರವೋ, ಸರಕಾರದ ಮಂಜೂರಾತಿಯೋ, ಗೇಣಿದಾರರಿಗೆ 1974ರ ಭೂಸುಧಾರಣೆಯ ಮೇಲೆ ಭೂನ್ಯಾಯಮಂಡಳಿಯು ಕೊಟ್ಟ ಆದೇಶವೋ, ಅದೇ ಬೇರು, ಪಹಣಿಯು ಕೊಂಬೆ.

ಮೂರನೆಯದಾಗಿ, 1882ರ ಸ್ವತ್ತು ವರ್ಗಾವಣೆ ಕಾಯಿದೆಯಂತೆ 100 ರೂಪಾಯಿ ಇಲ್ಲವೆ ಹೆಚ್ಚು ಬೆಲೆಯ ಭೂಮಿಯ ಕ್ರಯವು ನೋಂದಣಿಯಾದ ಪತ್ರದಿಂದಲೇ ಆಗತಕ್ಕದ್ದು. ಬರೀ ಮುಖ್ತ್ಯಾರನಾಮೆಯನ್ನೂ ಕರಾರುಪತ್ರವನ್ನೂ ಬರಸಿಕೊಂಡವನಿಗೆ ಒಡೆತನ ಬಾರದೆಂದು 2011ರಲ್ಲಿ ಸುಪ್ರೀಂ ಕೋರ್ಟು ತೀರ್ಪಿತ್ತಿತು. ಯೆರೆಮೀಯನ ಎರಡು ಪತ್ರಗಳನ್ನು ಇಲ್ಲಿ ನೆನಸಿರಿ. ನಮಗೂ ಎರಡುಂಟು: ಮೂಲಪತ್ರವು ನಮ್ಮ ಪೆಟ್ಟಿಗೆಯಲ್ಲಿ, ಅದರ ನಕಲು ಉಪನೋಂದಣಾಧಿಕಾರಿಯ ಕಚೇರಿಯಲ್ಲಿ. ಮನೆಯದನ್ನು ಗೆದ್ದಲು ತಿಂದರೂ ಕಚೇರಿಯಿಂದ ದೃಢೀಕೃತ ನಕಲನ್ನು ಪಡೆಯಬಹುದು.

ನಾಲ್ಕನೆಯದಾಗಿ, ಹೊಲದ ಮೇರೆಯನ್ನು ಅರಿತಿರಬೇಕು. ಪೂರ್ವಿಕರು ನೆಟ್ಟ ಗಡಿಗುರುತನ್ನು ಸರಿಸಬಾರದೆಂದು ಮೋಶೆಯ ಧರ್ಮಶಾಸ್ತ್ರವು ವಿಧಿಸಿತು. ಪತ್ರದ ಚಕ್ಕುಬಂದಿಗೂ ನೆಲದ ಮೇಲಿನ ಬಾಂದುಕಲ್ಲಿಗೂ ಹೊಂದದಿದ್ದರೆ ಹದ್ದುಬಸ್ತಿಗೆ ಅರ್ಜಿಕೊಟ್ಟು ಭೂಮಾಪಕನಿಂದ ಅಳತೆ ಮಾಡಿಸಿರಿ. ರಾತ್ರಿಯಲ್ಲಿ ಕಲ್ಲು ಕೀಳಬೇಡಿರಿ.

ಐದನೆಯದಾಗಿ, ತಡಮಾಡಬೇಡಿರಿ. ಒಬ್ಬನು ನಿಮ್ಮ ಹೊಲವನ್ನು ನಿಮಗೆ ವಿರೋಧವಾಗಿ, ತನ್ನದೆಂದೇ ಬಹಿರಂಗವಾಗಿ ಹಿಡಿದಂದಿನಿಂದ 12 ವರ್ಷಗಳೊಳಗೆ ಸ್ವಾಧೀನಕ್ಕಾಗಿ ದಾವೆ ಹೂಡದಿದ್ದರೆ, 1963ರ ಕಾಲಮಿತಿ ಕಾಯಿದೆಯಂತೆ ನಿಮ್ಮ ಹಕ್ಕೇ ನಂದಿಹೋಗುವದು.

ಪ್ರಿಯರೇ, ಇನ್ನೊಂದು ಹೊಲದ ಕಥೆಯನ್ನೂ ನೀವು ಬಲ್ಲಿರಿ. ನಾಬೋತನ ದ್ರಾಕ್ಷೇತೋಟವನ್ನು ಕಸಕೊಳ್ಳುವದಕ್ಕೆ ಈಜೆಬೆಲಳು ಅರಸನ ಹೆಸರಿನಲ್ಲಿ ಪತ್ರ ಬರೆದು, ಅವನ ಮುದ್ರೆಯನ್ನೊತ್ತಿ, ಇಬ್ಬರು ದುಷ್ಟರನ್ನು ಸಾಕ್ಷಿಗೆ ನಿಲ್ಲಿಸಿದಳು. ಅಲ್ಲಿ ಕಾಗದವಿತ್ತು, ಮುದ್ರೆಯಿತ್ತು, ಸಾಕ್ಷಿಗಳಿದ್ದರು, ಸತ್ಯವೊಂದು ಇರಲಿಲ್ಲ. ಅದಕ್ಕಾಗಿ ನಿರಪರಾಧಿಯು ಕಲ್ಲೆಸೆತದಿಂದ ಸತ್ತನು.

ಈ ಶೋಧನೆ ನಮ್ಮ ಸಭೆಗಳಿಗೂ ಬರುತ್ತದೆ. ನಮ್ಮವನ ಹೊಲ, ನೀನು ಕಂಡಂತೆ ಒಂದು ಮಾತು ಹೇಳಿಬಿಡು, ಎಂದು ಬಂಧುಗಳು ಕೇಳಿಕೊಳ್ಳುವರು. ಕಾಣದ್ದನ್ನು ಕಂಡೆನೆಂದು ಹೇಳುವವನು ದಶಾಜ್ಞೆಯನ್ನು ಮೀರುತ್ತಾನೆ. 2023ರ ಭಾರತೀಯ ನ್ಯಾಯಸಂಹಿತೆಯಂತೆ ಕೋರ್ಟಿನಲ್ಲಿ ಬುದ್ಧಿಪೂರ್ವಕವಾಗಿ ಸುಳ್ಳುಸಾಕ್ಷಿ ಹೇಳಿದವನಿಗೆ 7 ವರ್ಷಗಳ ವರೆಗೆ ಸೆರೆವಾಸವಾಗಬಹುದು. ಸಹವಿಶ್ವಾಸಿಯ ಮೇಲಿನ ಪ್ರೀತಿಯು ಸುಳ್ಳಿಗೆ ಹೊದಿಕೆಯಾಗಬಾರದು. ಅಷ್ಟೇ ಅಲ್ಲ, ನಿಮ್ಮ ಪತ್ರವನ್ನೇ ನೀವು ಓದಿನೋಡಿದಾಗ ಬದುವಿನಾಚೆಯ ಎರಡು ಗುಂಟೆ ನೆರೆಯವನದೆಂದು ತೋರಿಬಂದರೆ, ಅವನು ಕೋರ್ಟಿಗೆ ಹೋಗುವ ಮುಂಚೆಯೇ ಬಿಟ್ಟುಕೊಡಿರಿ. ಅವನು ಅನ್ಯಮತದವನಾಗಿದ್ದರೂ ಬಿಟ್ಟುಕೊಡಿರಿ.

ಆದದರಿಂದ ಈ ವಾರವೇ ಪೆಟ್ಟಿಗೆಯನ್ನು ತೆರೆದು ನಿಮ್ಮ ಪತ್ರಗಳನ್ನು ನೋಡಿರಿ. ಓದಬಾರದವರು ಬಲ್ಲವರಿಂದ ಓದಿಸಿಕೇಳಿರಿ. ಯೆರೆಮೀಯನು ಆ ಹೊಲವನ್ನು ಉಳಲಿಲ್ಲ. ದೇವರು ಜನರನ್ನು ತಿರಿಗಿ ಬರಮಾಡುವನೆಂದು ನಂಬಿ ಪತ್ರವನ್ನು ಕಾದಿಟ್ಟನು. ನಮ್ಮ ಮಕ್ಕಳು ನಾವಿಟ್ಟ ಪಾತ್ರೆಯನ್ನು ತೆರೆಯುವ ದಿನದಲ್ಲಿ ಅದರೊಳಗೆ ಸತ್ಯವಾದ ಪತ್ರವೇ ಸಿಕ್ಕುವಂತೆ ಕರ್ತನು ನಮಗೆ ಕೃಪೆಮಾಡಲಿ. ಆಮೆನ್.