ನೋವು ಬೇರೆ, ಹಾನಿ ಬೇರೆ

ಧರ್ಮದ ವಿಷಯದಲ್ಲಿ ಮಾತಿಗೆ ಎಲ್ಲೆ ಯಾವುದು? 1859ರಲ್ಲಿ ‘ಆನ್ ಲಿಬರ್ಟಿ’ ಬರೆದ ಜಾನ್ ಸ್ಟುವರ್ಟ್ ಮಿಲ್ ಆ ಎಲ್ಲೆಯನ್ನು ಹಾನಿಯಲ್ಲಿ ಕಂಡ. ಧಾನ್ಯದ ವ್ಯಾಪಾರಿಗಳು ಬಡವರ ಹೊಟ್ಟೆಗೆ ಹೊಡೆಯುತ್ತಿದ್ದಾರೆಂದು ಪತ್ರಿಕೆಯಲ್ಲಿ ಬರೆದರೆ ಯಾರೂ ತಡೆಯಕೂಡದು. ಅದನ್ನೇ ವ್ಯಾಪಾರಿಯ ಮನೆ ಮುಂದೆ ರೊಚ್ಚಿಗೆದ್ದು ನಿಂತ ಗುಂಪಿಗೆ ಹೇಳಿದರೆ ಶಿಕ್ಷಿಸಬಹುದು. ಕೇಳಿದವರ ಮನಸ್ಸು ನೊಂದಿತೆಂಬ ಕಾರಣವೊಂದೇ ಅವನಿಗೆ ಸಾಲದು.

ನಮ್ಮಲ್ಲಿ ಇದು ಅಷ್ಟು ಸಲೀಸಲ್ಲ. ದೇವರು, ಗುರು, ಪ್ರವಾದಿ ಎಂದರೆ ಭಕ್ತನಿಗೆ ಬರೀ ಅಭಿಪ್ರಾಯವಲ್ಲ, ಹೆತ್ತವರಷ್ಟೇ ಹತ್ತಿರದವರು. ಪ್ರವಾದಿಯವರ ಖಾಸಗಿ ಬದುಕನ್ನು ಗೇಲಿ ಮಾಡಿದ ಕಿರುಪುಸ್ತಕದ ಪ್ರಕಾಶಕನನ್ನು ಲಾಹೋರ್ ಹೈಕೋರ್ಟ್ 1927ರಲ್ಲಿ ಬಿಡುಗಡೆ ಮಾಡಿತು. ಅಂದಿನ ಕಾನೂನಿನ ಕೈ ಅಲ್ಲಿಗೆ ಚಾಚುತ್ತಿರಲಿಲ್ಲ. ಗಲಭೆಯ ಭಯಕ್ಕೆ ಅದೇ ವರ್ಷ ದಂಡ ಸಂಹಿತೆಗೆ 295ಎ ಕಲಂ ಬಂತು. 1929ರಲ್ಲಿ ಆ ಪ್ರಕಾಶಕನ ಕೊಲೆಯೂ ಆಯಿತು. ಕಲಂ ಇಂದು ಭಾರತೀಯ ನ್ಯಾಯ ಸಂಹಿತೆಯ 299 ಆಗಿ ಉಳಿದಿದೆ.

ಆ ಕಲಮಿನ ಪದಗಳನ್ನು ಗಮನಿಸಿ ಓದಬೇಕು. ಅದು ಕೇಳುವುದು ಕೇಳುಗನ ನೋವಿನ ಆಳವನ್ನಲ್ಲ, ಮಾತಾಡಿದವನ ಉದ್ದೇಶವನ್ನು: ಬೇಕೆಂದೇ, ದ್ವೇಷದಿಂದ ಅವಮಾನಿಸಿದನೇ? 1957ರಲ್ಲಿ ಸುಪ್ರೀಂ ಕೋರ್ಟ್ ಕಲಮನ್ನು ಎತ್ತಿಹಿಡಿದದ್ದೂ ಈ ಆಧಾರದ ಮೇಲೆಯೇ. ಇದು ಒಳ್ಳೆಯ ಅಳತೆಗೋಲು ಎಂದೇ ನನ್ನ ಅಭಿಪ್ರಾಯ. ನೋವನ್ನೇ ಅಳತೆಯಾಗಿಸಿದರೆ ಹೆಚ್ಚು ಸಿಟ್ಟಾಗುವವರಿಗೆ ಹೆಚ್ಚು ಹಕ್ಕು ಸಿಕ್ಕಂತಾಗುತ್ತದೆ. ಆದರೆ ಠಾಣೆಯಲ್ಲಿ ದೂರು ಶುರುವಾಗುವುದು ನೋವಿನಿಂದಲೇ. ಉದ್ದೇಶದ ವಿಚಾರಣೆ ಬರುವ ಹೊತ್ತಿಗೆ ಬರೆದವನು ಎಷ್ಟೋ ಸಲ ಕೋರ್ಟಿಗೆ ಅಲೆದಿರುತ್ತಾನೆ.

ಇದಕ್ಕಿಂತ ಹಳೆಯ ಇನ್ನೊಂದು ದಾರಿ ನಮ್ಮ ನೆಲದಲ್ಲೇ ಇದೆ. ಕಲಬುರಗಿ ಜಿಲ್ಲೆಯ ಸನ್ನತಿಯಲ್ಲಿ, ಚಂದ್ರಲಾಂಬಾ ಗುಡಿಯ ಆವರಣದಲ್ಲಿ, ಕಾಳಿಯ ವಿಗ್ರಹಕ್ಕೆ ಪೀಠವಾಗಿದ್ದ ಕಲ್ಲೊಂದು ಅಶೋಕನ ಶಾಸನವೆಂದು 1980ರ ದಶಕದಲ್ಲಿ ತಿಳಿಯಿತು. ಅದರಲ್ಲಿ ಹನ್ನೆರಡನೇ ಬಂಡೆಶಾಸನವೂ ಇದೆ. ತನ್ನ ಪಂಥವನ್ನು ಹೊಗಳಿ ಇನ್ನೊಂದನ್ನು ವಿನಾಕಾರಣ ಹಳಿಯುವವನು ತನ್ನ ಪಂಥಕ್ಕೇ ಕೇಡು ಮಾಡುತ್ತಾನೆ ಎಂಬುದು ಅದರ ತಿರುಳು. ಹಳಿಯಲು ಕಾರಣವಿದ್ದರೂ ಮಾತು ಹಗುರವಾಗಿರಲಿ ಎನ್ನುತ್ತದೆ. ಅಂದರೆ ಟೀಕೆಗೆ ಜಾಗವಿದೆ. ಇಲ್ಲಿ ಕಡಿವಾಣ ಆಡುವವನ ಕೈಯಲ್ಲೇ ಇದೆ. ಶಾಸನ ಇದಕ್ಕೆ ದಂಡ ಹೇಳುವುದಿಲ್ಲ. ಜೊತೆಗೆ ಕೇಳುವವನಿಗೂ ಒಂದು ಕೆಲಸ ಹಚ್ಚುತ್ತದೆ: ಇತರರ ಧರ್ಮವನ್ನು ಕೇಳು, ಕೇಳಲು ಮನಸ್ಸು ಮಾಡು. 299ರ ಅಡಿಯಲ್ಲಿ ಅಂಥ ಕೆಲಸವನ್ನು ಯಾರಿಗೂ ಹಚ್ಚಲಾಗದು.